ಟರ್ಕಿ ಕೋಳಿಗೂ ಸಿಜಿಪಿಎ ಐತೇನಪಾ?

ಅಮೆರಿಕಾದ ಬೇಟೆಗಾರರು ಕಾಡು ಟರ್ಕಿ ಕೋಳಿಗೆ ಮಾರ್ಕ್ಸ್ ಹಾಕ್ತಾರೆ. ತಮಾಷೆ ಅಲ್ಲ, ಸೂತ್ರ ಇಟ್ಟುಕೊಂಡೇ ಹಾಕ್ತಾರೆ. ಹೊಡೆದ ಗಂಡು ಟರ್ಕಿಯನ್ನು ಮೊದಲು ತೂಗಿ ಪೌಂಡಿನಲ್ಲಿ ತೂಕ ಬರೆದುಕೊಳ್ಳುತ್ತಾರೆ. ಆ ಹಕ್ಕಿಯ ಎದೆಯಿಂದ ಕುದುರೆ ಬಾಲದ ಕೂದಲಿನಂಥ ಒಂದು ಗೊಂಚಲು ಇಳಿಬಿದ್ದಿರುತ್ತದೆ, ಅದಕ್ಕೆ ಗಡ್ಡ ಅಂತ ಹೆಸರು. ಅದರ ಉದ್ದವನ್ನು ಇಂಚಿನಲ್ಲಿ ಅಳೆದು ಎರಡರಿಂದ ಗುಣಿಸುತ್ತಾರೆ. ನಮ್ಮ ಹುಂಜದ ಕಾಲ ಹಿಂದೆ ಇರುವಂಥದೇ ಮುಳ್ಳು ಅದಕ್ಕೂ ಇರುತ್ತದೆ. ಎರಡೂ ಕಾಲಿನ ಮುಳ್ಳುಗಳ ಉದ್ದ ಕೂಡಿಸಿ ಹತ್ತರಿಂದ ಗುಣಿಸುತ್ತಾರೆ. ಮೂರನ್ನೂ ಕೂಡಿಸಿದರೆ ಬರುವುದೇ ಆ ಹಕ್ಕಿಯ ಅಂಕ. 1973ರಲ್ಲಿ ಶುರುವಾದ ನ್ಯಾಷನಲ್ ವೈಲ್ಡ್ ಟರ್ಕಿ ಫೆಡರೇಷನ್ ಎಂಬ ಸಂಸ್ಥೆ ಇದರ ದಾಖಲೆ ಪಟ್ಟಿ ಇಟ್ಟಿದೆ. ಇಂಚಿನ ಎಂಟನೇ ಒಂದು ಭಾಗದ ತನಕ ಅಳೆಯಬೇಕು, ಅಳೆದದ್ದಕ್ಕೆ ಸಾಕ್ಷಿಯ ಸಹಿ ಬೇಕು.

ಇದನ್ನು ಓದಿ ಹೇಳಿದಾಗ ರೂಮ್‌ಮೇಟ್ ಕೇಳಿದ, “ಟರ್ಕಿ ಕೋಳಿಗೂ ಸಿಜಿಪಿಎ ಐತೇನಪಾ?” ಐತಿ. ಮುಳ್ಳು ಹತ್ತು ಕ್ರೆಡಿಟ್ಟಿನ ಸಬ್ಜೆಕ್ಟು, ಗಡ್ಡ ಎರಡು ಕ್ರೆಡಿಟ್ಟು, ತೂಕಕ್ಕೆ ಒಂದೇ ಕ್ರೆಡಿಟ್ಟು.

ನಗೋದು ಸುಲಭ. ಆದರೆ ಸೂತ್ರವನ್ನು ಸ್ವಲ್ಪ ಹೊತ್ತು ಬಿಡಿಸಿ ನೋಡ್ರಿ. ಒಂದು ಒಳ್ಳೆಯ ಗಂಡು ಟರ್ಕಿ 20 ಪೌಂಡ್ ತೂಗುತ್ತದೆ, ಗಡ್ಡ 10 ಇಂಚು, ಒಂದೊಂದು ಮುಳ್ಳು 1 ಇಂಚು ಅಂತ ಇಟ್ಟುಕೊಳ್ಳೋಣ. ತೂಕಕ್ಕೆ 20, ಗಡ್ಡಕ್ಕೆ 20, ಮುಳ್ಳಿಗೆ 20, ಒಟ್ಟು 60. ಅಂದ್ರೆ ಆ ಎರಡು ಮತ್ತು ಹತ್ತು ಎಂಬ ಸಂಖ್ಯೆಗಳು ಮನಸ್ಸಿಗೆ ಬಂದಂತೆ ಹಾಕಿದವಲ್ಲ. ಬೇರೆ ಬೇರೆ ಅಳತೆಗಳನ್ನು ಒಂದೇ ಮಟ್ಟಕ್ಕೆ ತಂದು ಕೂಡಿಸುವ ಕೆಲಸ ಅದು. ನಾವು ಲ್ಯಾಬಿನಲ್ಲಿ ಮಾಡುವುದೂ ಇದನ್ನೇ. ಇನ್ನೂ ಒಂದು ಮಾತಿದೆ. ಮುಳ್ಳು ಇಂಚಿನ ಎಂಟನೇ ಒಂದು ಭಾಗ ಹೆಚ್ಚಿದರೆ ಅಂಕ 1.25 ಏರುತ್ತದೆ. ಅಷ್ಟೇ ಅಂಕ ತೂಕದಿಂದ ಬರಬೇಕಾದರೆ ಹಕ್ಕಿ ಅರ್ಧ ಕೆಜಿಗಿಂತ ಹೆಚ್ಚು ಮೈ ತುಂಬಿಕೊಳ್ಳಬೇಕು. ಮುಳ್ಳು ಬೆಳೆಯುವುದು ವಯಸ್ಸಿನಿಂದ, ಒಂದು ವರ್ಷದ ಮರಿಗಂಡಿಗೆ ಅಲ್ಲಿ ಬರೀ ಗುಬುಟು ಇರುತ್ತದೆ. ಹೀಗಾಗಿ ಈ ಸೂತ್ರ ಬೇಟೆಗಾರನ ಕಿವಿಯಲ್ಲಿ ಸದ್ದಿಲ್ಲದೆ ಒಂದು ಮಾತು ಹೇಳುತ್ತದೆ: ಎಳೆಯದನ್ನು ಬಿಡು, ಹಳೆಯದನ್ನು ಹುಡುಕು. ಬೇಟೆಯೇ ಬೇಡ ಅನ್ನುವವನು ನಾನು. ಆದರೂ ಸೂತ್ರ ಬರೆದವರಿಗೆ ತಲೆ ಇತ್ತು ಅಂತ ಒಪ್ಪಲೇಬೇಕು.

ನನ್ನ ತಕರಾರು ಸೂತ್ರದ ಬಗ್ಗೆ ಅಲ್ಲ, ದಾಖಲೆ ಪುಸ್ತಕದ ಬಗ್ಗೆ. ಆ ಪುಸ್ತಕದಲ್ಲಿ ಎಲ್ಲರ ಕಣ್ಣು ಅತಿ ದೊಡ್ಡ ಹಕ್ಕಿಗಳ ಮೇಲೆ. ಕಾಡಿನಲ್ಲಿ ಎಷ್ಟು ಹಕ್ಕಿ ಉಳಿದಿವೆ, ಎಷ್ಟು ಮರಿ ಮಾಡಿದವು, ಎಷ್ಟು ಜನ ಬಂದೂಕು ಹೊತ್ತು ಅಲೆದು ಬರಿಗೈಲಿ ವಾಪಸ್ ಬಂದರು ಎಂಬುದು ಅಲ್ಲಿ ಬರುವುದಿಲ್ಲ. ಇದು ಅಮೆರಿಕಾದ ಕಥೆ, ನಮಗ್ಯಾಕ ಬೇಕು ಅಂದ್ರೆ, ನಮ್ಮ ನಾಡಿನಲ್ಲೂ ಇಂಥ ಪುಸ್ತಕ ಇತ್ತು. ಆ ಪುಸ್ತಕ ಏನನ್ನು ಹೇಳಲಿಲ್ಲ ಅನ್ನುವುದು ಕಾವೇರಿಯ ಒಂದು ಮೀನಿನಿಂದ ಗೊತ್ತಾಗಿದೆ. ಅಲ್ಲಿಗೆ ಹೋಗುವ ಮುಂಚೆ ಆನೆ, ಹುಲಿ ದಾಟಿ ಹೋಗಬೇಕು.

1870ರ ದಶಕದಲ್ಲಿ ಮೈಸೂರು ಸೀಮೆಯಲ್ಲಿ ಖೆಡ್ಡಾ ಮಾಡಿ ಆನೆ ಹಿಡಿಸಿದ ಜಿ.ಪಿ. ಸ್ಯಾಂಡರ್ಸನ್ ಎಂಬ ಇಂಗ್ಲಿಷ್ ಅಧಿಕಾರಿ 1878ರಲ್ಲಿ ತನ್ನ ಹದಿಮೂರು ವರ್ಷದ ಕಾಡಿನ ಅನುಭವದ ಪುಸ್ತಕ ಪ್ರಕಟಿಸಿದ. ಅವನೂ ದೊಡ್ಡ ಬೇಟೆಗಾರನೇ. ಆ ಕಾಲಕ್ಕೆ ಹನ್ನೆರಡು ಅಡಿ, ಹದಿನಾಲ್ಕು ಅಡಿ ಆನೆ ನೋಡಿದೆ ಅನ್ನುವವರಿಗೆ ಬರವಿರಲಿಲ್ಲ. ಸ್ಯಾಂಡರ್ಸನ್ ಮಾಡಿದ್ದು ಇಷ್ಟೇ, ನೂರಾರು ಆನೆಗಳ ಪೈಕಿ ದೊಡ್ಡವನ್ನೆಲ್ಲ ಸ್ವತಃ ಅಳೆದ. ಭುಜದ ನೇರ ಎತ್ತರದಲ್ಲಿ ಒಂದೂ ಹತ್ತು ಅಡಿ ಮುಟ್ಟಲಿಲ್ಲ. ಅವನು ಅಳೆದ ಅತಿ ಎತ್ತರದ ಆನೆ ಇದ್ದದ್ದು ನಮ್ಮ ಹುಣಸೂರಿನಲ್ಲಿ, ಮದ್ರಾಸ್ ಸರ್ಕಾರದ ಸೇನಾ ಸಾಮಗ್ರಿ ಇಲಾಖೆಯ ಆನೆ, 9 ಅಡಿ 10 ಇಂಚು.

ಹಾಗಾದ್ರೆ ಹನ್ನೆರಡು ಅಡಿ ಎಲ್ಲಿಂದ ಬಂತು? ಬರೀ ಸುಳ್ಳಿನಿಂದ ಬಂದದ್ದಲ್ಲ. ಟೇಪನ್ನು ಒಂದು ಮುಂಗಾಲಿನ ಹತ್ತಿರ ನೆಲಕ್ಕೆ ಹಿಡಿದು, ಭುಜದ ಮೇಲೆ ಹಾಯಿಸಿ, ಆಚೆ ಕಡೆ ನೆಲ ಮುಟ್ಟಿಸಿ, ಬಂದದ್ದನ್ನು ಅರ್ಧ ಮಾಡಿದರೆ ಎತ್ತರ ಸಿಕ್ಕಿತು ಅನ್ನಿಸುತ್ತದೆ. ಆದರೆ ಆನೆ ಕಾಗದದ ಹಾಳೆ ಅಲ್ಲವಲ್ಲ. ಅದರ ಮೈಯ ಉಬ್ಬೂ ಆ ಅರ್ಧದೊಳಗೆ ಬಂದು ಸೇರಿರುತ್ತದೆ. ಟೇಪು ಸುಳ್ಳು ಹೇಳಲಿಲ್ಲ, ಅಳೆದವನೂ ಸುಳ್ಳು ಹೇಳಲಿಲ್ಲ, ಆದರೂ ಆನೆ ಬೆಳೆದುಬಿಟ್ಟಿತು. ಇದಕ್ಕಿಂತ ಮಾವುತರ ಹಳೇ ಲೆಕ್ಕವೇ ವಾಸಿ. ಮುಂಗಾಲಿನ ಪಾದದ ಸುತ್ತಳತೆಯನ್ನು ಎರಡು ಪಟ್ಟು ಮಾಡಿದರೆ ಹೆಚ್ಚುಕಡಿಮೆ ಭುಜದ ಎತ್ತರ ಬರುತ್ತದೆ. ಕೆಸರಿನಲ್ಲಿ ಮೂಡಿದ ಹೆಜ್ಜೆ ಇದ್ದರೆ ಸಾಕು, ಆನೆ ಎದುರಿಗೆ ನಿಲ್ಲಬೇಕಂತಲೂ ಇಲ್ಲ. ಸ್ಯಾಂಡರ್ಸನ್ ಕೂಡ ಈ ಲೆಕ್ಕವನ್ನು ಒಪ್ಪಿ ಬರೆದಿದ್ದಾನೆ.

ಹುಲಿಗೂ ಇದೇ ಗತಿ. ಸತ್ತ ಹುಲಿಯನ್ನು ನೆಟ್ಟಗೆ ಮಲಗಿಸಿ, ಮೂಗಿನ ತುದಿಗೊಂದು ಗೂಟ, ಬಾಲದ ತುದಿಗೊಂದು ಗೂಟ ಬಡಿದು ನಡುವಿನ ನೇರ ದೂರ ಅಳೆಯುವುದು ಒಂದು ಪದ್ಧತಿ. ತಲೆ, ಬೆನ್ನು, ಬಾಲದ ಏರಿಳಿತದ ಮೇಲೆಯೇ ಟೇಪು ಒತ್ತುತ್ತಾ ಹೋಗುವುದು ಇನ್ನೊಂದು. ಎರಡನೆಯದರಲ್ಲಿ ಅದೇ ಹುಲಿ ಕೆಲವು ಇಂಚು ಉದ್ದ ಆಗುತ್ತದೆ. ಜಿಮ್ ಕಾರ್ಬೆಟ್ 1930ರಲ್ಲಿ ಹೊಡೆದ ಪೊವಾಲ್‌ಗಢದ ಪ್ರಸಿದ್ಧ ಹುಲಿಯ 10 ಅಡಿ 7 ಇಂಚು ಕೂಡ ಬೆನ್ನಿನ ಬಾಗಿನ ಮೇಲೆ ತೆಗೆದ ಅಳತೆ, ಅದನ್ನವನು ಮುಚ್ಚಿಟ್ಟಿಲ್ಲ. ಸುಲಿದ ಹಸಿ ಚರ್ಮವನ್ನು ಎಳೆದು ಗೂಟಕ್ಕೆ ಕಟ್ಟಿ ಒಣಗಿಸಿದ ಮೇಲೆ ಅಳೆದರೆ ಕೇಳುವುದೇ ಬೇಡ, ಎಳೆದಷ್ಟು ಉದ್ದ. ಲಂಡನ್ನಿನ ರೋಲೆಂಡ್ ವಾರ್ಡ್ 1892ರಲ್ಲಿ ಬೇಟೆ ಪ್ರಾಣಿಗಳ ಕೊಂಬು ಮತ್ತು ತೂಕದ ದಾಖಲೆ ಪುಸ್ತಕ ತಂದ ಮೇಲೆ, ಯಾವ ಗೆರೆ ಹಿಡಿದು ಅಳೆದಿರಿ ಎಂಬ ಪ್ರಶ್ನೆಗೆ ಬೆಲೆ ಬಂತು.

ಎಲ್ಲಿಂದ ಅಳೆಯುತ್ತೀರಿ ಎಂಬ ಪ್ರಶ್ನೆಯ ಬೆಲೆಯನ್ನು ಬಾಗಲಕೋಟೆಯವರಿಗೆ ಯಾರೂ ಕಲಿಸಬೇಕಾಗಿಲ್ಲ ಬಿಡ್ರಿ. ಆಲಮಟ್ಟಿಯಲ್ಲಿ ನೀರು 519.60 ಮೀಟರಿಗೆ ನಿಂತರೆ ಯಾವ ಓಣಿ ಹೋಗುತ್ತದೆ, 524.256ಕ್ಕೆ ಏರಿಸಿದರೆ ಯಾವ ಊರು ಹೋಗುತ್ತದೆ ಅನ್ನುವುದು ಇಲ್ಲಿಯ ಅಜ್ಜಂದಿರಿಗೆ ಬಾಯಿಪಾಠ. ದಶಮಾಂಶ ಬಿಂದುವಿನ ಆಚೆ ಮೂರನೇ ಅಂಕಿಯನ್ನು ಅವರಷ್ಟು ಗಂಭೀರವಾಗಿ ತಗೊಳ್ಳುವವರು ನಮ್ಮ ಸರ್ವೆ ಕ್ಲಾಸಿನಲ್ಲೂ ಇಲ್ಲ.

ಇರಲಿ. ಮೈಸೂರಿಗೆ ಬರೋಣ. ಶಿಕಾರಿಯ ಕಾಲದಲ್ಲಿ ಇಡೀ ದೇಶದ ರಾಜರು, ಸಾಹೇಬರು ಹೊಡೆದ ಹುಲಿಗಳು ಕೊನೆಗೆ ಬಂದು ಸೇರುತ್ತಿದ್ದ ಊರು ಅದು. ವ್ಯಾನ್ ಇಂಗೆನ್ ಎಂಬ ಕುಟುಂಬ ಅಲ್ಲಿ ಸತ್ತ ಪ್ರಾಣಿಗಳ ಚರ್ಮ ಹದಮಾಡಿ, ಒಳಗೆ ಅಚ್ಚು ತುಂಬಿ, ಬದುಕಿದ ಹಾಗೆ ನಿಲ್ಲಿಸಿಕೊಡುವ ಕಾರ್ಖಾನೆ ನಡೆಸುತ್ತಿತ್ತು. ಸುಮಾರು ನೂರು ವರ್ಷ ನಡೆದು 1999ರಲ್ಲಿ ಮುಚ್ಚಿತು. ಅಷ್ಟರಲ್ಲಿ ಅಲ್ಲಿಂದ ಹೊರಬಿದ್ದ ಹುಲಿ, ಚಿರತೆಗಳ ಸಂಖ್ಯೆ ನಲವತ್ತು ಸಾವಿರ ದಾಟುತ್ತದೆ. ಒಂದೊಂದು ಹುಲಿಯ ಉದ್ದವೂ ಯಾವುದೋ ಒಂದು ಡೈರಿಯಲ್ಲಿ ಇಂಚಿನ ಲೆಕ್ಕದಲ್ಲಿ ಬರೆದಿಟ್ಟದ್ದೇ. ಆದರೆ ಕಾಡಿನಲ್ಲಿ ಹುಲಿ ಖಾಲಿಯಾಗುತ್ತಿದೆ ಅನ್ನುವುದು ಆ ಸಾವಿರಾರು ಅಳತೆಗಳಲ್ಲಿ ಎಲ್ಲೂ ಕಾಣಲಿಲ್ಲ, ಯಾಕಂದ್ರೆ ಅವು ಹುಲಿಗಳ ಲೆಕ್ಕ ಆಗಿರಲಿಲ್ಲ. ಹೊಡೆದವರ ಲೆಕ್ಕ ಆಗಿದ್ದವು.

ಇದೇ ಮನೆತನದ ಡಿ ವೆಟ್ ವ್ಯಾನ್ ಇಂಗೆನ್ 1946ರಲ್ಲಿ ಕಬಿನಿ ಹೊಳೆಯಲ್ಲಿ ಗಾಳ ಹಾಕಿ ಒಂದು ಮಹಶೀರ್ ಹಿಡಿದರು. ತೂಕ 120 ಪೌಂಡ್, ನಮ್ಮ ಲೆಕ್ಕದಲ್ಲಿ 54 ಕೆಜಿಗೆ ಸ್ವಲ್ಪ ಮೇಲೆ. ಅದಕ್ಕೂ ಮುಂಚಿನ ದೊಡ್ಡ ಹೆಸರು 1919ರಲ್ಲಿ ಕಾವೇರಿಯಲ್ಲಿ ಮೇಜರ್ ರಿವೆಟ್ ಕಾರ್ನಾಕ್ ಹಿಡಿದ 119 ಪೌಂಡಿನದು. ಇಪ್ಪತ್ತೇಳು ವರ್ಷಕ್ಕೆ ಒಂದೇ ಪೌಂಡಿನ ಅಂತರ! ಗಾಳ ಹಾಕುವವರ ಲೋಕದಲ್ಲಿ ಈ ಎರಡು ಸಂಖ್ಯೆಗಳನ್ನು ಇಂದಿಗೂ ಭಕ್ತಿಯಿಂದ ಹೇಳುತ್ತಾರೆ. ಕಾವೇರಿಯ ಈ ಮಹಶೀರ್ ಬೆನ್ನಿನ ಮೇಲೆ ಡುಬ್ಬ ಇರುವ, ಬಂಗಾರ ಬಣ್ಣದ ಮೀನು. ಜಗತ್ತಿನಲ್ಲಿ ಬೇರೆ ಯಾವ ಮಹಶೀರೂ ಇಷ್ಟು ದೊಡ್ಡದಾಗುವುದಿಲ್ಲ. ಡುಬ್ಬದ ಮಹಶೀರ್ ಅಂತಲೇ ಕರೆಯೋಣ.

1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂದ ಮೇಲೆ ಬಂದೂಕಿನ ಶಿಕಾರಿಗೆ ತಡೆ ಬಿತ್ತು. ಗಾಳ ಮಾತ್ರ ಮುಂದುವರಿಯಿತು. ಅದೇ ವರ್ಷ ಬೆಂಗಳೂರಿನಲ್ಲಿ ಹುಟ್ಟಿದ ವೈಲ್ಡ್‌ಲೈಫ್ ಅಸೋಸಿಯೇಷನ್ ಆಫ್ ಸೌತ್ ಇಂಡಿಯಾ ಕಾವೇರಿಯ ಒಂದು ಭಾಗವನ್ನು ಗುತ್ತಿಗೆ ಹಿಡಿಯಿತು. ಮುಂದೆ ಜಂಗಲ್ ಲಾಡ್ಜಸ್‌ನವರು ಭೀಮೇಶ್ವರಿ, ಗಾಲಿಬೋರೆ, ದೊಡ್ಡಮಾಕಳಿಗಳಲ್ಲಿ ಶಿಬಿರ ನಡೆಸಿದರು. ನಿಯಮ ಒಂದೇ, ಹಿಡಿ, ತೂಗು, ಫೋಟೋ ತೆಗೆ, ವಾಪಸ್ ಹೊಳೆಗೆ ಬಿಡು. ಮೊದಲು ಡೈನಮೈಟ್ ಹಾಕಿ ಮೀನು ಹಿಡಿಯುತ್ತಿದ್ದ ಊರಿನ ಕೆಲವರೇ ಅಲ್ಲಿ ದಾರಿ ತೋರಿಸುವವರಾದರು, ಕಾವಲುಗಾರರಾದರು. ಒಳ್ಳೆಯ ವ್ಯವಸ್ಥೆ ಅದು. ದೊಡ್ಡ ಮೀನಿನ ಆಸೆ ಇಲ್ಲದಿದ್ದರೆ ಆ ವ್ಯವಸ್ಥೆ ನಿಲ್ಲುತ್ತಿರಲಿಲ್ಲ ಎಂಬುದನ್ನೂ ಹೇಳಬೇಕು. ದಾಖಲೆಗೆ ಅಷ್ಟು ಬೆಲೆ ಕೊಡಲು ನನಗೇನೂ ಬೇಜಾರಿಲ್ಲ.

ಇಲ್ಲಿ ನಮ್ಮ ಬ್ರಾಂಚಿನವರಿಗೆ ಒಂದು ಸಣ್ಣ ಲೆಕ್ಕ. ಮೀನನ್ನು ಜೀವಂತ ಬಿಡಬೇಕಾದರೆ ತೂಗುವುದು ಕಷ್ಟ, ಹೆಚ್ಚು ಹೊತ್ತು ನೀರಿನಿಂದ ಹೊರಗಿಟ್ಟರೆ ಸಾಯುತ್ತದೆ. ಅದಕ್ಕೆ ಗಾಳದವರು ಒಂದು ಸೂತ್ರ ಬಳಸ್ತಾರೆ: ಉದ್ದವನ್ನು ಸುತ್ತಳತೆಯ ವರ್ಗದಿಂದ ಗುಣಿಸಿ 800ರಿಂದ ಭಾಗಿಸು, ಇಂಚು ಹಾಕಿದರೆ ಪೌಂಡು ಬರುತ್ತದೆ. ಈ 800 ಎಲ್ಲಿಂದ ಬಂತು? ಮೀನು ಒಂದು ಸಿಲಿಂಡರ್ ಅಂತ ಇಟ್ಟುಕೊಳ್ಳಿ. ಗಾತ್ರ ಅಂದ್ರೆ ಉದ್ದ ಗುಣಿಸು ಸುತ್ತಳತೆಯ ವರ್ಗ, ಭಾಗಿಸು ನಾಲ್ಕು ಪೈ. ಒಂದು ಘನ ಇಂಚು ನೀರು 0.0361 ಪೌಂಡ್. ಎಲ್ಲ ಹಾಕಿದರೆ 800ರ ಜಾಗದಲ್ಲಿ 348 ಬರುತ್ತದೆ. 348ನ್ನು 800ರಿಂದ ಭಾಗಿಸಿದರೆ 0.435. ಅಂದ್ರೆ ತಲೆ ಬಾಲ ಸಪೂರ ಇರುವ ಮೀನು, ತನ್ನದೇ ಸುತ್ತಳತೆಯ ಸಿಲಿಂಡರಿನ ಅರ್ಧಕ್ಕೂ ಕಡಿಮೆ ಜಾಗ ತುಂಬುತ್ತದೆ. ಯಾರೋ ಹೊಳೆ ದಂಡೆಯಲ್ಲಿ ಕೂತು ಅನುಭವದಿಂದ ಕಂಡುಕೊಂಡ ಸಂಖ್ಯೆ ಇದು. ಹಾಗೇ ಸುತ್ತಳತೆ ವರ್ಗದಲ್ಲಿರುವುದರಿಂದ ಅಲ್ಲಿ ಶೇ 5 ತಪ್ಪಿದರೆ ತೂಕ ಶೇ 10 ತಪ್ಪುತ್ತದೆ. ನೂರು ಪೌಂಡಿನ ಮೀನಿನಲ್ಲಿ ಅದು ಹತ್ತು ಪೌಂಡು. 119ಕ್ಕೂ 120ಕ್ಕೂ ನಡುವಿನ ಒಂದು ಪೌಂಡಿನ ಜಗಳಕ್ಕೆ ಈ ಸೂತ್ರ ಬರುವುದಿಲ್ಲ, ತೂಗಿಯೇ ನೋಡಬೇಕು.

ಈಗ ಮುಖ್ಯ ಮಾತು. ಗಾಲಿಬೋರೆ ಶಿಬಿರದಲ್ಲಿ ದೊಡ್ಡ ಮೀನಿನ ಜೊತೆ ಸಣ್ಣ ಮೀನನ್ನೂ ಬರೆದಿಟ್ಟರು. ಯಾವ ದಿನ, ಎಷ್ಟು ಗಂಟೆ ಗಾಳ ಹಾಕಿದರು, ಎಷ್ಟು ಮೀನು, ಒಂದೊಂದರ ತೂಕ ಎಷ್ಟು, ಎಲ್ಲ ಪುಸ್ತಕದಲ್ಲಿ ಇತ್ತು. ಏಡ್ರಿಯನ್ ಪಿಂಡರ್, ರಾಜೀವ್ ರಾಘವನ್, ರಾಬರ್ಟ್ ಬ್ರಿಟನ್ ಎಂಬ ಮೂವರು ಸಂಶೋಧಕರು 1998ರಿಂದ 2012ರ ತನಕದ ಈ ಪುಸ್ತಕಗಳನ್ನು ಕೂತು ಓದಿ 2015ರಲ್ಲಿ ಪ್ರಬಂಧ ಬರೆದರು. ಒಟ್ಟು 23,620 ಗಂಟೆ ಗಾಳ, 6,161 ಮಹಶೀರ್. ಸರಾಸರಿ ಸುಮಾರು 3.8 ಗಂಟೆಗೆ ಒಂದು ಮೀನು. ಅತಿ ಚಿಕ್ಕದು 1 ಪೌಂಡು, ಅತಿ ದೊಡ್ಡದು 104 ಪೌಂಡು.

104 ಪೌಂಡು! ದಾಖಲೆ ಪುಸ್ತಕ ಓದುವವನಿಗೆ ಇದು ಸಂತೋಷದ ಸುದ್ದಿ. 1946ರಲ್ಲಿ 120, ಅರ್ಧ ಶತಮಾನ ಕಳೆದ ಮೇಲೂ 104, ಹೊಳೆ ಚೆನ್ನಾಗಿದೆ ಅಂತಲೇ ಅನಿಸುತ್ತದೆ. ಒಟ್ಟು ಮೀನಿನ ಸಂಖ್ಯೆಯೂ ಗಂಟೆಯ ಲೆಕ್ಕದಲ್ಲಿ ಏರುತ್ತಾ ಹೋಗಿತ್ತು. ಆದರೆ ಆ ಆರು ಸಾವಿರ ಮೀನಿನಲ್ಲಿ ಶೇ 95ರಷ್ಟು ಬೇರೆಯೇ ಜಾತಿಯವು, ನೀಲಿ ರೆಕ್ಕೆಯ ಮಹಶೀರ್. ಅವುಗಳ ಸಂಖ್ಯೆ ಏರಿತ್ತು, ಸರಾಸರಿ ತೂಕ ಇಳಿದಿತ್ತು. ಅಂದ್ರೆ ಮರಿ ಮೀನು ಬೇಕಾದಷ್ಟು ಹುಟ್ಟುತ್ತಿವೆ ಅಂತ ಅರ್ಥ. ಉಳಿದ ಚೂರು ಪಾಲು ಡುಬ್ಬದ ಮಹಶೀರ್. ಅವು ಸಿಗುವುದು ವರ್ಷದಿಂದ ವರ್ಷಕ್ಕೆ ಕಡಿಮೆಯಾಗಿತ್ತು. ಆದರೆ ಸಿಕ್ಕವುಗಳ ಸರಾಸರಿ ತೂಕ ಏರುತ್ತಾ ಹೋಗಿತ್ತು.

ಈ ಸಾಲನ್ನು ಎರಡು ಸಲ ಓದ್ರಿ. ಮೀನು ಸರಾಸರಿ ದೊಡ್ಡದಾಗುತ್ತಿದೆ ಎಂದು ಶಿಬಿರಕ್ಕೆ ಬಂದ ಅತಿಥಿ ಖುಷಿ ಪಡುತ್ತಾನೆ. ಹಿಡಿದವನ ಕೈಯಲ್ಲಿ ಹಿಂದಿಗಿಂತ ಭಾರವಾದ ಮೀನು, ಫೋಟೋ ಚೆನ್ನಾಗಿ ಬರುತ್ತದೆ. ಆದರೆ ಸರಾಸರಿ ಏರಿದ್ದು ದೊಡ್ಡ ಮೀನು ಹೆಚ್ಚಿದ್ದರಿಂದಲ್ಲ, ಸಣ್ಣ ಮೀನು ಇಲ್ಲವಾದದ್ದರಿಂದ. ಮೊಟ್ಟೆ ಒಡೆದು ಮರಿ ಬಂದು ಬೆಳೆದು ಮುಂದಿನ ಪೀಳಿಗೆ ಆಗಬೇಕಾದದ್ದು ನಿಂತುಹೋಗಿತ್ತು. ಉಳಿದದ್ದು ಮುದುಕರು ಮಾತ್ರ. ಒಂದು ಊರಿನ ಜನರ ಸರಾಸರಿ ವಯಸ್ಸು ಏರುತ್ತಿದೆ ಅಂದ್ರೆ ಎಲ್ಲರೂ ಗಟ್ಟಿಮುಟ್ಟಾಗಿದ್ದಾರೆ ಅಂತಲೂ ಇರಬಹುದು, ಹುಡುಗರೆಲ್ಲ ಬೆಂಗಳೂರು ಬಸ್ಸು ಹತ್ತಿದ್ದಾರೆ ಅಂತಲೂ ಇರಬಹುದು. ಸರಾಸರಿ ಒಂದನ್ನೇ ನೋಡಿದರೆ ಎರಡರ ವ್ಯತ್ಯಾಸ ಗೊತ್ತಾಗುವುದಿಲ್ಲ.

ನೀಲಿ ರೆಕ್ಕೆಯ ಮಹಶೀರ್ ಕಾವೇರಿಗೆ ಬಂದ ಕಥೆಯಲ್ಲಿ ನಮ್ಮ ಸೀಮೆಯ ಸಂಬಂಧವೂ ಇದೆ. ಆ ಜಾತಿಗೆ 1839ರಲ್ಲಿ ಸೈಕ್ಸ್ ಎಂಬ ಸೇನಾಧಿಕಾರಿ ವೈಜ್ಞಾನಿಕ ಹೆಸರಿಟ್ಟದ್ದು ಪುಣೆ ಹತ್ತಿರದ ಮುಳಾ ಮುಠಾ ಹೊಳೆಯ ಮೀನು ನೋಡಿ. ಆ ನೀರು ಭೀಮೆಗೆ, ಭೀಮೆಯ ನೀರು ಕೃಷ್ಣೆಗೆ. ಅಂದ್ರೆ ಅದು ನಮ್ಮ ಕೃಷ್ಣಾ ಕೊಳ್ಳದ ಮೀನು. ಲೋಣಾವಳಾದಲ್ಲಿ ಟಾಟಾ ವಿದ್ಯುತ್ ಕಂಪನಿಯವರು ಅದರ ಮರಿ ಮಾಡುವ ಕೇಂದ್ರ ನಡೆಸಿದರು. 1970ರ ದಶಕದಿಂದ ಆ ಮರಿಗಳನ್ನು ಕಾವೇರಿಗೂ ಬಿಟ್ಟರು. ಮಹಶೀರ್ ಉಳಿಸಬೇಕು ಎಂಬ ಒಳ್ಳೆಯ ಮನಸ್ಸಿನಿಂದಲೇ ಬಿಟ್ಟದ್ದು. ಹೊರಗಿನಿಂದ ಬಂದ ಈ ಜಾತಿ ಹೆಚ್ಚಿದ್ದಕ್ಕೂ ಡುಬ್ಬದ ಮಹಶೀರ್ ಕುಸಿದದ್ದಕ್ಕೂ ನಂಟಿದೆ ಎಂಬುದು ಸಂಶೋಧಕರ ಬಲವಾದ ಅನುಮಾನ. ಅಣೆಕಟ್ಟು, ಮರಳು, ಡೈನಮೈಟ್ ಕೂಡ ಪಾಲುದಾರರೇ.

ಇನ್ನೂ ಒಂದು ವಿಚಿತ್ರ ಕೇಳ್ರಿ. ಮಹಶೀರ್ ಗಾಳದ ಬಗ್ಗೆ ಹೆನ್ರಿ ಸಲ್ಲಿವನ್ ಥಾಮಸ್ 1873ರಲ್ಲೇ ದಪ್ಪ ಪುಸ್ತಕ ಬರೆದಾಗಿತ್ತು. 119, 120 ಎಂದು ಪೌಂಡು ಪೌಂಡಿಗೆ ಲೆಕ್ಕ ಇಟ್ಟವರಿದ್ದರು. ಆದರೆ ಕಾವೇರಿಯ ಡುಬ್ಬದ ಮಹಶೀರ್ ಯಾವ ಜಾತಿ ಎಂಬುದೇ ಖಚಿತವಾಗಿರಲಿಲ್ಲ! ವಂಶವಾಹಿ ಪರೀಕ್ಷೆ ಮಾಡಿ, ಇದು ಕೇರಳದ ಪಾಂಬಾರ್ ಹೊಳೆಯ ಸಣ್ಣ ಮೀನುಗಳನ್ನು ನೋಡಿ ಹಿಂದೆ ಹೆಸರಿಟ್ಟಿದ್ದ ಟಾರ್ ರೆಮಾದೇವಿಯೇ ಎಂದು ಪ್ರಕಟಿಸಿದ್ದು 2018ರಲ್ಲಿ. ಅದೇ ವರ್ಷ ಐಯುಸಿಎನ್ ಅದನ್ನು ಅಳಿವಿನ ಅಂಚಿನ, ಅತ್ಯಂತ ಅಪಾಯದ ಪಟ್ಟಿಗೆ ಸೇರಿಸಿತು. ಹೆಸರು ಖಚಿತವಾಗುವುದಕ್ಕೂ ಈ ಪಟ್ಟಿ ಸೇರುವುದಕ್ಕೂ ಒಂದೇ ವರ್ಷ. ನೂರು ವರ್ಷ ತೂಗಿದೆವು, ಯಾವ ಮೀನು ತೂಗುತ್ತಿದ್ದೇವೆ ಅಂತ ಕೇಳಲಿಲ್ಲ.

ಅಭಯಾರಣ್ಯದೊಳಗೆ ಗಾಳ ಹಾಕುವುದೂ ಕಾನೂನಿನ ಕಣ್ಣಿನಲ್ಲಿ ಬೇಟೆಯೇ ಎಂಬ ವಾದ ಗಟ್ಟಿಯಾಗಿ 2012ರ ಹೊತ್ತಿಗೆ ಆ ಶಿಬಿರಗಳಲ್ಲಿ ಗಾಳ ನಿಂತಿತು. ಅದು ಸರಿಯೋ ತಪ್ಪೋ ಎಂಬ ಜಗಳ ದೊಡ್ಡದು, ಇಲ್ಲಿ ಬೇಡ. ಗಾಳದ ಜೊತೆಗೆ ಆ ಪುಸ್ತಕವೂ ನಿಂತಿತು ಎಂಬುದು ಮಾತ್ರ ನನಗೆ ನೋವಿನ ಸಂಗತಿ.

ಈ ಮೀನಿನ ಕಥೆಯನ್ನು ನಮ್ಮ ಕ್ಯಾಂಪಸ್ ಪತ್ರಿಕೆಗೆ ಯಾಕೆ ಬರೆದೆ ಅಂದ್ರೆ, ನಾವೂ ಒಂದು ದಾಖಲೆ ಪುಸ್ತಕದೊಳಗೇ ಬದುಕ್ತಾ ಇದ್ದೇವೆ. ಜುಲೈ ಬಂತು ಅಂದ್ರೆ ಹುಬ್ಬಳ್ಳಿಯಿಂದ ಕಲಬುರಗಿ ತನಕ ಯಾವ ಬಸ್ ಸ್ಟ್ಯಾಂಡಿಗೆ ಹೋದರೂ ಇಂಜಿನಿಯರಿಂಗ್ ಕಾಲೇಜುಗಳ ಬ್ಯಾನರ್. ದೊಡ್ಡ ಅಕ್ಷರದಲ್ಲಿ ಹೈಯೆಸ್ಟ್ ಪ್ಯಾಕೇಜ್, ಪಕ್ಕದಲ್ಲಿ ಕೋಟು ಟೈ ಹಾಕಿದ ಒಬ್ಬ ಹುಡುಗ ಅಥವಾ ಹುಡುಗಿ. ಒಂದು ಕಾಲೇಜು ಅಂತಲ್ಲ, ಎಲ್ಲರೂ ಮಾಡ್ತಾರೆ. ಆ ಹುಡುಗಿ ನಿಜ, ಆ ಸಂಬಳ ನಿಜ, ಅವಳ ಶ್ರಮಕ್ಕೆ ನನ್ನ ನಮಸ್ಕಾರ. ಅವಳು ನಮ್ಮ 120 ಪೌಂಡಿನ ಮಹಶೀರ್. ಆದರೆ ಅವಳನ್ನು ನೋಡಿ ಹೊಳೆ ಹೆಂಗಿದೆ ಅಂತ ಹೇಳಲಿಕ್ಕೆ ಆಗುವುದಿಲ್ಲ.

ಹೈಯೆಸ್ಟ್ ಬ್ಯಾಡ, ಆವರೇಜ್ ಹೇಳ್ತೀವಿ ಅನ್ನುವವರೂ ಇದ್ದಾರೆ. ಅವರಿಗಾಗಿ ಹತ್ತು ಜನರ ಒಂದು ಕಾಲ್ಪನಿಕ ಕ್ಲಾಸು ತಗೊಳ್ಳೋಣ. ಎಂಟು ಜನಕ್ಕೆ ಕೆಲಸ ಸಿಕ್ಕಿದೆ. ಸಂಬಳ ಲಕ್ಷದಲ್ಲಿ 3, 3.5, 3.5, 4, 4, 4, 4.5 ಮತ್ತು 40. ಇಬ್ಬರಿಗೆ ಸಿಕ್ಕಿಲ್ಲ. ಕೆಲಸ ಸಿಕ್ಕವರ ಸರಾಸರಿ 8.3 ಲಕ್ಷ. ಏಳು ಜನ 4.5 ದಾಟಿಲ್ಲ, ಸರಾಸರಿ 8.3! ಸರಿ, ಮುಂದಿನ ವರ್ಷ ಸಣ್ಣ ಸಂಬಳದ ಕಂಪನಿಗಳು ಬರಲಿಲ್ಲ ಅನ್ನಿ. 3 ಮತ್ತು 3.5 ಲಕ್ಷದ ಮೂರು ಕೆಲಸ ಹೋದವು. ಉಳಿದದ್ದು 4, 4, 4, 4.5 ಮತ್ತು 40. ಈಗ ಸರಾಸರಿ ಎಷ್ಟು? 11.3 ಲಕ್ಷ. ಬ್ಯಾನರಿನಲ್ಲಿ “ಸರಾಸರಿ ಪ್ಯಾಕೇಜಿನಲ್ಲಿ ಭಾರಿ ಏರಿಕೆ” ಅಂತ ಬರೆಯಬಹುದು, ಒಂದು ಅಕ್ಷರವೂ ಸುಳ್ಳಲ್ಲ. ಹತ್ತರಲ್ಲಿ ಐದು ಜನ ಮನೆಯಲ್ಲಿ ಕೂತಿದ್ದಾರೆ ಅಷ್ಟೇ. ಕಾವೇರಿಯಲ್ಲಿ ಆದದ್ದೂ ಥೇಟ್ ಇದೇ. ಸಣ್ಣವು ಮಾಯವಾದವು, ಸರಾಸರಿ ಏರಿತು.

ಹತ್ತೂ ಜನರನ್ನು ಸಾಲಾಗಿ ನಿಲ್ಲಿಸಿ, ಕೆಲಸ ಸಿಗದವರಿಗೆ ಸೊನ್ನೆ ಹಾಕಿ ನಡುವಿನವರನ್ನು ನೋಡಿದರೆ ಮೊದಲ ವರ್ಷ ಮಧ್ಯಾಂಕ 3.75 ಲಕ್ಷ. ಎರಡನೇ ವರ್ಷ ಐದನೆಯವನದು ಸೊನ್ನೆ, ಆರನೆಯವಳದು 4, ಮಧ್ಯಾಂಕ 2 ಲಕ್ಷ. ಕಥೆ ಪೂರ್ತಿ ಉಲ್ಟಾ. ಹೈಸ್ಕೂಲಿನಲ್ಲಿ ಎರಡು ಮಾರ್ಕ್ಸಿಗೆ ಬರೆದು ಮರೆತ ಮಧ್ಯಾಂಕ ಇದು. ಎನ್‌ಐಆರ್‌ಎಫ್ ರ್‍ಯಾಂಕಿಂಗಿನವರೂ ಕಾಲೇಜುಗಳಿಂದ ಮಧ್ಯಾಂಕ ಸಂಬಳವನ್ನೇ ಕೇಳುತ್ತಾರೆ. ಅಂದ್ರೆ ಲೆಕ್ಕ ಗೊತ್ತಿಲ್ಲ ಅಂತಲ್ಲ, ಬ್ಯಾನರಿಗೆ ಬರುವುದಿಲ್ಲ ಅಷ್ಟೇ. ಆದರೆ ಅಲ್ಲಿ ಕೂಡ ಕೇಳುವುದು ಕೆಲಸ ಸಿಕ್ಕವರ ಮಧ್ಯಾಂಕ. ನಾನು ಹೇಳುತ್ತಿರುವುದು ಎಲ್ಲರನ್ನೂ ಸೇರಿಸಿದ್ದು.

ಇದಕ್ಕೆ ಒಂದು ಉತ್ತರ ಸಿದ್ಧವಾಗಿರುತ್ತದೆ, ಸೀನಿಯರ್ ಒಬ್ಬರು ಹೇಳಿಯೂ ಬಿಟ್ಟರು: “ಜೂನಿಯರ್‌ಗಳಿಗೆ ಉಮೇದು ಬರಬೇಕಲ್ಲೋ ತಮ್ಮಾ, ಸೊನ್ನೆ ತೋರಿಸಿ ಏನ್ ಮಾಡ್ತಿ?” ಮಾತಿನಲ್ಲಿ ಹುರುಳಿದೆ. 120 ಪೌಂಡಿನ ಕನಸಿಲ್ಲದೆ ಗಾಲಿಬೋರೆಗೆ ಯಾರೂ ಬರುತ್ತಿರಲಿಲ್ಲ, ಕಾವಲುಗಾರನಿಗೆ ಸಂಬಳ ಬರುತ್ತಿರಲಿಲ್ಲ ಅಂತ ನಾನೇ ಮೇಲೆ ಬರೆದಿದ್ದೇನೆ. ಆದರೆ ಆ ಶಿಬಿರದಲ್ಲಿ ಗೋಡೆಗೆ ಫೋಟೋ ಹಾಕುವುದರ ಜೊತೆಗೆ ಗಂಟೆಯ ಲೆಕ್ಕವನ್ನೂ ಬರೆದರು. ನಮ್ಮಲ್ಲಿ ಗೋಡೆ ಮಾತ್ರ ಇದೆ. ಹುನಗುಂದದಿಂದಲೋ ಬಾದಾಮಿಯಿಂದಲೋ ಮಗಳನ್ನು ಕರಕೊಂಡು ಬಂದು, ಹೊಲದ ಮೇಲೆ ಸಾಲ ಎತ್ತಿ ಫೀ ಕಟ್ಟುವ ಅಪ್ಪ ನೋಡುವುದು ಆ ಗೋಡೆಯನ್ನೇ. ಆ 40 ಲಕ್ಷವನ್ನು ನೋಡಿ ಅವನು ಸಾಲದ ಕಂತು ಲೆಕ್ಕ ಹಾಕುತ್ತಾನೆ. ಅವನಿಗೆ ಬೇಕಾದದ್ದು ಮಧ್ಯದಲ್ಲಿ ನಿಂತವರ ಸಂಖ್ಯೆ. ಅದನ್ನು ಮುಚ್ಚಿಟ್ಟರೆ ಉಮೇದು ಹೆಚ್ಚಿಸಿದ ಹಾಗಲ್ಲ, ಅವನ ಲೆಕ್ಕವನ್ನು ಕೆಡಿಸಿದ ಹಾಗೆ.

ಇನ್ನೊಂದು ಕಡೆಯೂ ಇದೆ. ಯಾವ ಕೆಲಸಕ್ಕೆ ಎಷ್ಟು ಗಂಟೆ ಗಾಳ ಹಾಕಿದೆವು ಎಂಬುದನ್ನು ನಾವೇ ಬರೆದಿಟ್ಟುಕೊಳ್ಳುವುದಿಲ್ಲ. ಒಂದು ಕಂಪನಿಗೆ 200 ಜನ ಆನ್‌ಲೈನ್ ಟೆಸ್ಟ್ ಬರೆದು ಇಬ್ಬರು ಆಯ್ಕೆಯಾದರೆ ನೆನಪಿನಲ್ಲಿ ಉಳಿಯುವುದು ಇಬ್ಬರು. ಉಳಿದ 198 ಜನ ತಮ್ಮದು ಮಾತ್ರ ಸೋಲು ಅಂದುಕೊಂಡು ರೂಮಿಗೆ ಹೋಗಿ ಬಾಗಿಲು ಹಾಕಿಕೊಳ್ಳುತ್ತಾರೆ. ನೂರಕ್ಕೆ ಒಬ್ಬರು ಎಂಬ ಸಂಖ್ಯೆ ಕಣ್ಣೆದುರು ಇದ್ದಿದ್ದರೆ ಎಷ್ಟೋ ಜನ ಆ ರಾತ್ರಿ ಊಟ ಬಿಡುತ್ತಿರಲಿಲ್ಲ. ಪ್ಲೇಸ್‌ಮೆಂಟ್ ಸೀಸನ್ನಿನಲ್ಲಿ ಹಾಸ್ಟೆಲ್ ಕಾರಿಡಾರು ಹೇಗಿರುತ್ತದೆ ಅಂತ ಫೈನಲ್ ಇಯರ್‌ನವರನ್ನು ಕೇಳ್ರಿ.

ಹಂಗಾಗಿ ನಮ್ಮ ಕನ್ನಡ ಸಂಘಕ್ಕೆ ನನ್ನದೊಂದು ಬೇಡಿಕೆ. ಯಾವ ಆಫೀಸಿನ ಅನುಮತಿಯೂ ಬೇಡದ, ಹೆಸರಿಲ್ಲದ ಒಂದು ಲೆಕ್ಕದ ಪುಸ್ತಕ ಶುರು ಮಾಡೋಣ. ಗೂಗಲ್ ಶೀಟ್ ಆದರೂ ಸಾಕು. ಕಂಪನಿ ಬಂದ ದಿನ, ಎಷ್ಟು ಜನ ಅರ್ಜಿ ಹಾಕಿದರು, ಎಷ್ಟು ಜನ ಟೆಸ್ಟ್ ಬರೆದರು, ಎಷ್ಟು ಜನ ಇಂಟರ್‌ವ್ಯೂ ತನಕ ಹೋದರು, ಎಷ್ಟು ಜನಕ್ಕೆ ಆಫರ್ ಬಂತು, ಕೈಗೆ ಬರುವ ಸಂಬಳ ಎಷ್ಟು, ಆಫರ್ ಕೊಟ್ಟು ಆಮೇಲೆ ಎಷ್ಟು ಜನರನ್ನು ಕರೆಯಲಿಲ್ಲ. ಯಾರಿಗೂ ಏನೂ ಸಿಗದ ದಿನಕ್ಕೂ ಒಂದು ಸಾಲು ಇರಲೇಬೇಕು, ಅದೇ ಅತಿ ಮುಖ್ಯ ಸಾಲು. ಪ್ರತಿ ಬ್ರಾಂಚಿನಿಂದ ಒಬ್ಬರು ಒಪ್ಪಿದರೆ ವಾರಕ್ಕೆ ಹತ್ತು ನಿಮಿಷದ ಕೆಲಸ. ಹೆಸರು, ಯುಎಸ್‌ಎನ್ ಏನೂ ಬೇಡ, ಬರೀ ಸಂಖ್ಯೆ. ಮುಂದಿನ ಜುಲೈಯಲ್ಲಿ ಅದರ ಮಧ್ಯಾಂಕವನ್ನು ಈ ಪತ್ರಿಕೆಯಲ್ಲೇ ಹಾಕೋಣ, ಹೈಯೆಸ್ಟ್ ಕೂಡ ಪಕ್ಕದಲ್ಲೇ ಇರಲಿ, ಫೋಟೋ ಸಮೇತ.

ಏಳನೇ ಸೆಮಿಸ್ಟರಿನವರು ಯಾರಾದರೂ ಮೆಕ್ಯಾನಿಕಲ್ ಮತ್ತು ಸಿವಿಲ್ ಕಾಲಮ್ಮು ಹೊತ್ತುಕೊಳ್ಳಲು ಸಿದ್ಧ ಇದ್ದರೆ ಸಂಘದ ಗ್ರೂಪಿನಲ್ಲಿ ಒಂದು ಮೆಸೇಜ್ ಹಾಕ್ರಿ. ಎಲೆಕ್ಟ್ರಾನಿಕ್ಸ್ ಕಾಲಮ್ಮು ನಾನು ತಗೊಂಡಿದ್ದೇನೆ. ಹೋದ ಮಂಗಳವಾರ ಬಂದ ಕಂಪನಿಯಿಂದ ಶುರು ಮಾಡಿದ್ದೇನೆ, 64 ಜನ ಟೆಸ್ಟ್ ಬರೆದಿದ್ದರು, ಆಫರ್ ಕಾಲಮ್ಮಿನಲ್ಲಿ ಸೊನ್ನೆ.